ಬಿದ್ದ ಹುಡುಗಿಯ ಹೆಸರೇನು?

ಮೂರು ದಿನದಿಂದ ಇಲ್ಲದ ಕರೆಂಟು ನಿನ್ನೆ ಸಂಜೆ ಬಂತು. ಬಂದದ್ದೇ ತಡ, ಅಣ್ಣನ ಮಗಳು ಟಿವಿ ಹಾಕಿದಳು. 1993ರ ‘ಬಾಜಿಗರ್’. ಹೊರಗೆ ಮಳೆ, ನನ್ನ ಕೈಯಲ್ಲಿ ಎಳೆಬಿದಿರಿನ ಕಣಿಲೆ, ಕತ್ತಿ. ಕೊನೆಯಲ್ಲಿ ಶಾರುಖ್ ಅಮ್ಮನ ಮಡಿಲಲ್ಲಿ ಸತ್ತಾಗ ಹುಡುಗಿ ಮೂಗೊರೆಸಿಕೊಂಡು "ಪಾಪ ಅಲ್ವಾ ಅತ್ತೆ" ಅಂದಳು.

ಯಾರು ಮಾರಾಯ್ತಿ ಪಾಪ? ತಾರಸಿಯಿಂದ ತಳ್ಳಿದನಲ್ಲ, ಆ ಹುಡುಗಿಯ ಹೆಸರೇನು ಹೇಳು ನೋಡೋಣ ಅಂದೆ. ಅವಳಿಗೆ ಗೊತ್ತಿಲ್ಲ. ಅಣ್ಣನಿಗೂ ಗೊತ್ತಿಲ್ಲ. ಅತ್ತಿಗೆ "ಶಿಲ್ಪಾ ಶೆಟ್ಟಿ" ಅಂದರು!

ಸೀಮಾ. ಪ್ರೀತಿಯ ಪರೀಕ್ಷೆ ಅಂತ ಅವಳ ಕೈಯಲ್ಲೇ ಸಾಯುವ ಚೀಟಿ ಬರೆಸಿಕೊಳ್ಳುತ್ತಾನೆ. ರಿಜಿಸ್ಟರ್ ಮದುವೆ ಅಂತ ಕರೆದುಕೊಂಡು ಹೋಗಿ ಮೇಲಿಂದ ತಳ್ಳುತ್ತಾನೆ. ಬೇರೆ ಹೆಸರಿಟ್ಟುಕೊಂಡು ಅವಳ ತಂಗಿಯನ್ನೇ ಪ್ರೀತಿಸುತ್ತಾನೆ. ನಾವು ಅವನಿಗೆ ಅಳುತ್ತೇವೆ.

"ಅವನ ಅಪ್ಪನಿಗೆ ಮೋಸ ಆಗಿತ್ತಲ್ಲ, ಸುಮ್ನೆ ಸಿನಿಮಾ ನೋಡೇ" ಅಂದ ಅಣ್ಣ. ಮೋಸ ಮಾಡಿದ್ದು ಅವಳ ಅಪ್ಪ, ಬಿದ್ದದ್ದು ಅವಳು. ಹೋದ ವರ್ಷ ತೂಕದಲ್ಲಿ ನಮಗೆ ಟೋಪಿ ಹಾಕಿದ ಕಾಫಿ ವ್ಯಾಪಾರಿಗೂ ಮಗಳಿದ್ದಾಳೆ. ಅಣ್ಣ ಅವಳನ್ನು ಯಾವ ತಾರಸಿಗೂ ಕರೆದುಕೊಂಡು ಹೋಗಲಿಲ್ಲ. ಎರಡು ದಿನ ಬೈದ, ಅಷ್ಟೇ.

ಇದೇ ಪಾತ್ರಕ್ಕೆ ಶಾರುಖ್‌ಗೆ ಫಿಲ್ಮ್‌ಫೇರ್ ಶ್ರೇಷ್ಠ ನಟ. 1997ರ ‘ಗುಪ್ತ್’ನಲ್ಲಿ ಕಾಜೋಲ್ ಪ್ರೀತಿಗಾಗಿ ಕೊಂದರೆ ಅವಳಿಗೆ ಕೊಟ್ಟದ್ದು ಖಳಪಾತ್ರದ ಪ್ರಶಸ್ತಿ. ‘ಅಂಜಾಮ್’ಗೆ ಅವನಿಗೂ ಅದೇ ಸಿಕ್ಕಿತ್ತು ಅಂತ ಕಾಮೆಂಟ್ ಹಾಕಬೇಡಿ, ಗೊತ್ತು. ಆದರೂ ಸೀಮಾಳನ್ನು ಕೊಂದವನು ಹೀರೋನೇ ಅಲ್ವಾ?

ನಾನೂ ಸಾಚಾ ಅಲ್ಲ. 1993ರಲ್ಲೇ ಬಂದ ‘ಡರ್’ನಲ್ಲಿ ಅವನು ಎದೆ ಮೇಲೆ ನಾಯಕಿಯ ಹೆಸರು ಕಿರಣ್ ಅಂತ ಕೊರೆದುಕೊಳ್ಳುತ್ತಾನಲ್ಲ, ಆ ಕ್ಯಾಸೆಟ್ಟನ್ನು ಎರಡು ಸಲ ನೋಡಿದ್ದೆ. ಅವಳ ಗಂಡ ಸನ್ನಿ ಡಿಯೋಲ್ ಬಂದಾಗೆಲ್ಲ ಬೇಜಾರು! ಆಮೇಲೆ ವಿರಾಜಪೇಟೆ–ಮಡಿಕೇರಿ ಬಸ್ಸಲ್ಲಿ ಒಬ್ಬ ದಿನಾ ನನ್ನ ಹಿಂದೆ. ಒಂದು ದಿನ ತೋಳು ತೋರಿಸಿದ. ಬ್ಲೇಡಲ್ಲಿ ಕೊರೆದ ನನ್ನ ಹೆಸರು, ಒತ್ತಕ್ಷರ ಇಲ್ಲದೆ. ಗೆಳತಿಯರು "ಪುಣ್ಯ ಮಾಡಿದ್ದೆ ಕಣೆ" ಅಂದರು. ನನಗೂ ಒಳಗೊಳಗೇ ಖುಷಿ. ನಿಜ ಹೇಳ್ತಿದ್ದೇನೆ.

ಮೇಕೇರಿ ಹತ್ತಿರ ಬಸ್ಸು ಕೆಟ್ಟು ನಿಂತಾಗ ಪಕ್ಕಕ್ಕೆ ಬಂದು, ನೀನು ಸಿಗದಿದ್ದರೆ ಇಬ್ಬರೂ ಇರಲ್ಲ ಅಂದ. ಮೆಲ್ಲಗೆ, ನಗುತ್ತಾ. ಆ ವರ್ಷ ಪೂರ್ತಿ ಬೆಳಗಿನ ಮೊದಲ ಬಸ್ಸು ಹಿಡಿದೆ. ಟ್ಯೂಷನ್ ಅಂತ ಅಪ್ಪನಿಗೆ ಸುಳ್ಳು ಹೇಳಿದೆ.

ಅವನ ಹೆಸರು ನನಗೆ ಈಗಲೂ ನೆನಪಿದೆ. ಇನಿಷಿಯಲ್ ಸಮೇತ.