ಎಂಜಲು ಅಂತ ಕಿತ್ತುಕೊಂಡ ಬಾಟಲಿ

ನಿನ್ನೆಯಿಂದ ಮನಸ್ಸಿಗೆ ಸಮಾಧಾನವಿಲ್ಲ. ಬರೆದು ಹಾಕದಿದ್ದರೆ ಇವತ್ತೂ ನಿದ್ದೆ ಬರುವುದಿಲ್ಲ. ಉದ್ದವಾಗುತ್ತದೆ, ಸಹಿಸಿಕೊಳ್ಳಿ.

ಮಗಳ ಮನೆಯಿಂದ ವಾಪಸ್ ಬರುತ್ತಿದ್ದೆ. ವಿಮಾನ ನಾಲ್ಕು ಗಂಟೆ ತಡ. ನನ್ನ ಎದುರಿನ ಕುರ್ಚಿಗಳಲ್ಲಿ ಎರಡು ಕುಟುಂಬಗಳಿದ್ದವು. ಬೇರೆ ಬೇರೆ ದೇಶದವರು. ಮಾತು ಬೇರೆ, ಉಡುಪು ಬೇರೆ, ಬಣ್ಣವೂ ಬೇರೆ. ಒಂದು ಕಡೆ ಆರೇಳು ವರ್ಷದ ಹುಡುಗ, ಇನ್ನೊಂದು ಕಡೆ ಅವನಿಗಿಂತ ಸ್ವಲ್ಪ ಚಿಕ್ಕ ಹುಡುಗಿ. ಮೊದಲ ಅರ್ಧ ಗಂಟೆ ಇಬ್ಬರೂ ಒಬ್ಬರನ್ನೊಬ್ಬರು ಕದ್ದು ನೋಡಿದರು, ಅಷ್ಟೇ. ಆಮೇಲೆ ಓಟ ಶುರುವಾಯಿತು. ಕುರ್ಚಿ ಸಾಲಿನ ಈ ತುದಿಯಿಂದ ಆ ತುದಿಗೆ. ಒಂದು ಮಾತಿಲ್ಲ, ಬರೀ ನಗು. ಓಡಿ ಓಡಿ ಸುಸ್ತಾಗಿ ನೆಲದ ಮೇಲೆ ಕುಕ್ಕರಿಸಿದಾಗ ಹುಡುಗಿ ತನ್ನ ಬಾಟಲಿ ತೆಗೆದಳು. ಹಣ್ಣಿನ ರಸ ಇರಬೇಕು, ಕೆಂಪಗಿತ್ತು. ಒಂದು ಗುಟುಕು ಕುಡಿದಳು. ಅವನ ಮುಖ ನೋಡಿದಳು. ಬಾಟಲಿ ಚಾಚಿದಳು.

ಅವನು ತಕ್ಷಣ ತೆಗೆದುಕೊಳ್ಳಲಿಲ್ಲ. ನನಗಾ ಅನ್ನುವ ಹಾಗೆ ಎದೆ ಮುಟ್ಟಿಕೊಂಡ. ಅವಳು ತಲೆಯಾಡಿಸಿದಳು. ಕುಡಿದ. ಎಷ್ಟು ಖಾಲಿಯಾಯಿತು ಅಂತ ಬಾಟಲಿಯನ್ನು ಬೆಳಕಿಗೆ ಹಿಡಿದು ನೋಡಿ ವಾಪಸ್ ಕೊಟ್ಟ. ಅವಳು ಕುಡಿದು, ಎಲ್ಲಿಯವರೆಗೆ ಇಳಿಯಿತು ಅಂತ ಬೆರಳಿಟ್ಟು ತೋರಿಸಿದಳು. ಅವನು ಮತ್ತೆ ಅಷ್ಟೇ ಕುಡಿದ. ಹೀಗೆ ನಾಲ್ಕೈದು ಸಲ. ಯಾರ ಸರದಿ ಅನ್ನುವುದಕ್ಕೆ ಜಗಳವೇ ಆಗಲಿಲ್ಲ. ಆಮೇಲೆ ಅವಳು ತನ್ನ ಹೆಸರು ಹೇಳಿದಳು, ಅವನು ತಪ್ಪಾಗಿ ಹೇಳಿದ, ಅವಳು ತಿದ್ದಿದಳು, ಇಬ್ಬರೂ ಬಿದ್ದು ಬಿದ್ದು ನಕ್ಕರು. ಹೆಸರು ಗೊತ್ತಾಗುವ ಮೊದಲೇ ಒಂದು ಬಾಟಲಿಯಲ್ಲಿ ಕುಡಿದಾಗಿತ್ತು. ಎಷ್ಟು ಚೆನ್ನಾಗಿತ್ತು ಅಂತ ಹೇಳಲಿ!

ಅಷ್ಟರಲ್ಲಿ ಹುಡುಗನ ಮನೆಯ ಹಿರಿಯರೊಬ್ಬರು ನೋಡಿದರು. ಎದ್ದು ಬಂದು ಅವನ ಕೈಯಿಂದ ಬಾಟಲಿ ಕಿತ್ತು ಆ ಹುಡುಗಿಯ ಪಕ್ಕ ನೆಲದ ಮೇಲೆ ಇಟ್ಟರು. ಕೈಗೆ ಕೊಡಲಿಲ್ಲ, ನೆಲದ ಮೇಲೆ ಇಟ್ಟರು. ಕರವಸ್ತ್ರ ತೆಗೆದು ಹುಡುಗನ ತುಟಿ ಒರೆಸಿದರು, ಎರಡು ಸಲ, ಗಟ್ಟಿಯಾಗಿ. ಏನೋ ಬೈದರು. ಅವರ ಭಾಷೆ ನನಗೆ ಬಾರದು. ಆದರೂ ಆ ಮುಖ ನನಗೆ ಅರ್ಥವಾಯಿತು. ನಮ್ಮಲ್ಲಿ ಅದಕ್ಕೆ ಒಂದೇ ಪದ ಸಾಕು. ಎಂಜಲು.

ಹುಡುಗಿಯ ಅಮ್ಮ ಒಂದೂ ಮಾತಾಡದೆ ಬಾಟಲಿ ತೆಗೆದು ಚೀಲದೊಳಗೆ ಇಟ್ಟುಕೊಂಡರು. ಉಳಿದ ಎರಡು ಗಂಟೆ ಆ ಮಕ್ಕಳು ಎದುರುಬದುರು ಕುಳಿತು ಕಾಲು ಅಲ್ಲಾಡಿಸಿದರು. ಎದ್ದು ಓಡಲಿಲ್ಲ.

ನನಗೆ ಬಂದ ಸಿಟ್ಟು ಇನ್ನೂ ಇಳಿದಿಲ್ಲ. ಅವರು ಕಿತ್ತುಕೊಂಡದ್ದು ಬರೀ ಬಾಟಲಿ ಅಂತ ಅನ್ನಿಸುತ್ತಿಲ್ಲ.

ಮಕ್ಕಳಿಗೆ ಎಂಜಲಿನ ಅರ್ಥ ಗೊತ್ತಿಲ್ಲ ಅಂತ ನಾವು ತಿಳಿದುಕೊಂಡಿದ್ದೇವೆ. ಗೊತ್ತಿದೆ. ನಮಗಿಂತ ಸರಿಯಾಗಿ ಗೊತ್ತಿದೆ. 2022ರಲ್ಲಿ 'ಸೈನ್ಸ್' ಪತ್ರಿಕೆಯಲ್ಲಿ ಅಮೆರಿಕದ ಸಂಶೋಧಕರ ಒಂದು ಅಧ್ಯಯನ ಬಂದಿತ್ತು. ವರ್ಷ ತುಂಬದ ಕೂಸುಗಳಿಗೆ, ಒಂದೂವರೆ ವರ್ಷದ ಮಕ್ಕಳಿಗೆ ಒಂದು ವಿಡಿಯೊ ತೋರಿಸಿದರು. ಅದರಲ್ಲಿ ಒಂದು ಗೊಂಬೆ. ಒಬ್ಬ ಹೆಂಗಸು ಆ ಗೊಂಬೆಯ ಜೊತೆ ಒಂದೇ ಕಿತ್ತಳೆ ತೊಳೆಯನ್ನು ಹಂಚಿಕೊಂಡು ತಿನ್ನುತ್ತಾಳೆ. ಇನ್ನೊಬ್ಬಳು ಚೆಂಡು ಆಡುತ್ತಾಳೆ, ಅಷ್ಟೇ. ಆಮೇಲೆ ಇಬ್ಬರ ನಡುವೆ ಕುಳಿತ ಗೊಂಬೆ ಅಳುತ್ತದೆ. ಮಕ್ಕಳು ಮೊದಲು ಯಾರ ಕಡೆ ನೋಡಿದರು? ಕಿತ್ತಳೆ ಹಂಚಿಕೊಂಡವಳ ಕಡೆ. ಸಮಾಧಾನ ಮಾಡಬೇಕಾದವಳು ಅವಳೇ ಅಂತ ಕಾಯುವ ಹಾಗೆ. ಇದು ಹಣ್ಣಿನಿಂದ ಆಯಿತೋ ಎಂಜಲಿನಿಂದಲೋ ಅಂತ ತಿಳಿಯಲು ಇನ್ನೊಂದು ಸಲ ಹಣ್ಣಿಲ್ಲದೆ ನೋಡಿದರು. ಈ ಸಲ ಒಬ್ಬಳೇ ಹೆಂಗಸು, ಎರಡು ಗೊಂಬೆ. ತನ್ನ ಬಾಯಿಗೆ ಬೆರಳಿಟ್ಟು ಅದನ್ನು ಒಂದು ಗೊಂಬೆಯ ಬಾಯಿಗೆ ಇಟ್ಟಳು, ತನ್ನ ಹಣೆ ಮುಟ್ಟಿ ಇನ್ನೊಂದು ಗೊಂಬೆಯ ಹಣೆ ಮುಟ್ಟಿದಳು. ಆಮೇಲೆ ಅವಳು ನೊಂದುಕೊಂಡಾಗ ಮಕ್ಕಳು ಹೆಚ್ಚಾಗಿ ನೋಡಿದ್ದು ಎಂಜಲು ಹಂಚಿಕೊಂಡ ಗೊಂಬೆಯ ಕಡೆ. ಮಾತು ಬರುವುದಕ್ಕೆ ಮೊದಲೇ ಮಕ್ಕಳಿಗೆ ಗೊತ್ತು, ಎಂಜಲು ಹಂಚಿಕೊಳ್ಳುವವರು ಹತ್ತಿರದವರು ಅಂತ. ಆ ಹುಡುಗಿ ಬಾಟಲಿ ಚಾಚಿ ಹೇಳಿದ್ದು ಇದನ್ನೇ ಅಲ್ವಾ? ಭಾಷೆ ಇಲ್ಲದ ಜಾಗದಲ್ಲಿ ಬೇರೆ ಹೇಗೆ ಹೇಳಬೇಕಿತ್ತು?

ಈಗ ನೀವು ಕೇಳುತ್ತೀರಿ, ಕಾಯಿಲೆ ಅಂಟಿದರೆ ಏನು ಗತಿ ಅಂತ. ಇಷ್ಟು ವರ್ಷ ಮಕ್ಕಳಿಗೆ ಪಾಠ ಹೇಳಿದವಳು ನಾನು, ಅದು ನನಗೆ ಗೊತ್ತಿಲ್ಲದ್ದಲ್ಲ. ಮೆನಿಂಜೈಟಿಸ್, ಅಂದರೆ ಮೆದುಳಿನ ಪೊರೆಯ ಊತ, ತರುವ ಬ್ಯಾಕ್ಟೀರಿಯಾ ಎಂಜಲಿನಿಂದ ಹರಡಬಹುದು. ತುಟಿಯ ಮೇಲೆ ಗುಳ್ಳೆ ಬರಿಸುವ ಹರ್ಪಿಸ್ ವೈರಸ್ ಕೂಡ. ಕೆಲವು ಮಕ್ಕಳಿಗೆ ಕೆಲವು ಪದಾರ್ಥ ಆಗುವುದಿಲ್ಲ, ಅಲರ್ಜಿ ಇರುತ್ತದೆ, ಅದನ್ನು ಕೇಳಿಯೇ ಕೊಡಬೇಕು. ಎಲ್ಲ ಸರಿ, ಒಪ್ಪಿದೆ. ಆದರೆ ಕಾಯಿಲೆಯ ಭಯ ಇದ್ದವರು ಏನು ಮಾಡುತ್ತಾರೆ? ಎರಡು ಲೋಟ ತರುತ್ತಾರೆ, ಅರ್ಧರ್ಧ ಸುರಿದು ಕೊಡುತ್ತಾರೆ, ಮಕ್ಕಳನ್ನು ಆಡಲು ಬಿಡುತ್ತಾರೆ. ಎರಡು ನಿಮಿಷದ ಕೆಲಸ. ಅವೇ ಮಕ್ಕಳು ಅಷ್ಟು ಹೊತ್ತು ಕೈ ಹಿಡಿದು ಓಡಿದ್ದರು, ಮುಖಕ್ಕೆ ಮುಖ ಕೊಟ್ಟು ನಕ್ಕಿದ್ದರು. ಆಗ ಯಾರೂ ಎದ್ದು ಬರಲಿಲ್ಲ. ನೆಗಡಿ ಅಂಟುವುದು ಹಾಗೂ ಹೌದಲ್ಲ? ಬಾಟಲಿ ಕೈ ಬದಲಾದಾಗ ಮಾತ್ರ ಎದ್ದು ಬಂದರು. ಅದಕ್ಕೇ ಕಾಯಿಲೆಯ ಮಾತನ್ನು ನಾನು ನಂಬುವುದಿಲ್ಲ.

ಕುಡಿಯುವುದರಲ್ಲೇ ಯಾಕೆ ಇಷ್ಟು ಗಡಿ ಹಾಕುತ್ತೇವೆ ಹೇಳಿ. ಅಮೆರಿಕದ ದಕ್ಷಿಣದ ರಾಜ್ಯಗಳಲ್ಲಿ ಬಿಳಿಯರಿಗೆ ಒಂದು ನಲ್ಲಿ, ಕರಿಯರಿಗೆ ಒಂದು ನಲ್ಲಿ ಅಂತ ಬೋರ್ಡ್ ಹಾಕಿದ್ದರು. 1964ರಲ್ಲಿ ನಾಗರಿಕ ಹಕ್ಕುಗಳ ಕಾನೂನು ಬರಬೇಕಾಯಿತು ಅದನ್ನು ತೆಗೆಸಲು. ದಕ್ಷಿಣ ಆಫ್ರಿಕಾದಲ್ಲಿ ಸಾರ್ವಜನಿಕ ಸೌಲಭ್ಯಗಳನ್ನು ಬೇರೆ ಬೇರೆ ಇಡುವುದಕ್ಕೇ 1953ರಲ್ಲಿ ಕಾನೂನು ಮಾಡಿದ್ದರು, ಅದು ಹೋದದ್ದು 1990ರಲ್ಲಿ. ಅಂಬೇಡ್ಕರ್ ಶಾಲೆಯಲ್ಲಿದ್ದಾಗ ನಲ್ಲಿ ಮುಟ್ಟುವ ಹಾಗಿರಲಿಲ್ಲ. ಪ್ಯೂನ್ ಬಂದು ತಿರುಗಿಸಿದರೆ ನೀರು, ಇಲ್ಲದಿದ್ದರೆ ಇಲ್ಲ. ಪಕ್ಕದಲ್ಲಿ ಕೂತು ಓದುವ ಮಕ್ಕಳು ಬೇಕೆಂದಾಗ ಹೋಗಿ ಕುಡಿಯುತ್ತಿದ್ದರು. ಆ ಬಾಯಾರಿದ ಹುಡುಗನೇ ದೊಡ್ಡವನಾಗಿ 1927ರ ಮಾರ್ಚ್ 20ರಂದು ಮಹಾರಾಷ್ಟ್ರದ ಮಹಾಡದಲ್ಲಿ, ದಲಿತರನ್ನು ನೀರು ಮುಟ್ಟಗೊಡದಿದ್ದ ಚವದಾರ್ ಕೆರೆಗೆ ಸಾವಿರಾರು ಜನರ ಜೊತೆ ನಡೆದು ಹೋಗಿ ನೀರು ಕುಡಿದ. ಬೊಗಸೆ ನೀರಿಗೆ ಅಷ್ಟು ದೊಡ್ಡ ಹೋರಾಟ ಬೇಕಾಯಿತು. ಈಗ ಯಾವ ಬೋರ್ಡೂ ಇಲ್ಲ, ಆದರೆ ಒಂದು ಕರವಸ್ತ್ರ ಸಾಕಾಗುತ್ತದೆ. ಎರಡು ಸಲ ಒರೆಸಿದರೆ ಆರು ವರ್ಷದ ಹುಡುಗನಿಗೆ ಪೂರ್ತಿ ಅರ್ಥವಾಗುತ್ತದೆ. ಹುಡುಗಿಗೂ ಅರ್ಥವಾಗುತ್ತದೆ, ಅವಳು ನೋಡುತ್ತಲೇ ಇದ್ದಳು. ನನ್ನ ಹೊಟ್ಟೆ ಉರಿಯುತ್ತಿರುವುದು ಅದಕ್ಕೇ.

ಎದ್ದು ಹೋಗಿ ಒಂದು ಮಾತು ಹೇಳಬೇಕಿತ್ತು ಅಂತ ನಿಮ್ಮಲ್ಲಿ ಕೆಲವರು ಬೈಯುತ್ತೀರಿ. ಏಳಲಿಲ್ಲ. ಭಾಷೆ ಬಾರದು ಅನ್ನುವುದು ಕಾರಣವಲ್ಲ. ನಿಜ ಹೇಳುತ್ತೇನೆ. ಆ ಹಿರಿಯರ ಮುಖ ನೋಡಿದಾಗ ನನಗೆ ನನ್ನ ಮುಖ ಕಾಣಿಸಿತು.

ಮಗಳು ಐದು ವರ್ಷದವಳಿದ್ದಾಗಿನ ಮಾತು. ಆಟದ ಮೈದಾನದಲ್ಲಿ ಅವಳಿಗೆ ಹೊಸದಾಗಿ ಒಬ್ಬ ಗೆಳತಿ ಸಿಕ್ಕಿದ್ದಳು. ನಮ್ಮ ಭಾಷೆಯವಳಲ್ಲ, ನಮ್ಮ ಧರ್ಮದವಳೂ ಅಲ್ಲ. ಒಂದು ಸಂಜೆ ಹೋಗಿ ನೋಡಿದರೆ ಇವಳು ಅವಳ ಬಾಟಲಿಗೆ ಬಾಯಿ ಹಚ್ಚಿ ಕುಡಿಯುತ್ತಿದ್ದಾಳೆ. ನಾನು ಓಡಿ ಹೋಗಿ ಕಿತ್ತುಕೊಂಡೆ. ಕೆಮ್ಮು ಬರುತ್ತದೆ ಅಂತ ಗದರಿಸಿದೆ. ಕೆಮ್ಮು ನನ್ನ ತಲೆಯಲ್ಲೇ ಇರಲಿಲ್ಲ. ಅವರು ಯಾರೋ, ಏನು ತಿನ್ನುತ್ತಾರೋ, ಅವರ ಬಾಟಲಿಗೆ ನನ್ನ ಮಗಳ ಬಾಯಿ, ಅದೇ ಇದ್ದದ್ದು. ಇಷ್ಟು ವರ್ಷ ಇದನ್ನು ಯಾರಿಗೂ ಹೇಳಿರಲಿಲ್ಲ. ಅದೇ ವಾರ ತರಗತಿಯಲ್ಲಿ ಮಕ್ಕಳಿಗೆ ಎಲ್ಲರೂ ಒಂದೇ ಅಂತ ಪಾಠ ಮಾಡಿದ್ದೆ.

ರಾತ್ರಿ ಮನೆ ಮುಟ್ಟಿದ ಮೇಲೆ ಮಗಳಿಗೆ ಫೋನ್ ಮಾಡಿದೆ. ನೆನಪಿದೆಯಾ ಅಂತ ಕೇಳಿದೆ. ಇಲ್ಲ ಅನ್ನಬಹುದು ಅಂದುಕೊಂಡಿದ್ದೆ.

"ನೆನಪಿದೆ ಅಮ್ಮ. ಆಮೇಲೂ ಅವಳು ನನ್ನ ಜೊತೆ ಆಡೋಕೆ ಬರ್ತಿದ್ದಳು. ಆದರೆ ನೀನು ದೂರದಲ್ಲಿ ಬರ್ತಿರೋದು ಕಂಡರೆ ಸಾಕು, ಬಾಟಲಿ ತೆಗೆದು ಬೆನ್ನ ಹಿಂದೆ ಇಟ್ಟುಕೊಳ್ತಿದ್ದಳು."