ಒಂದೇ ಊರಿಗೆ ಎಷ್ಟು ಹೆಸರು!

ನಿನ್ನೆ ಮಧ್ಯಾಹ್ನವೆಲ್ಲಾ ಎರಡು ಎಕ್ಸೆಲ್ ಶೀಟ್ ಹೊಂದಿಸೋದರಲ್ಲೇ ಹೋಯಿತು. ಹೋದ ವರ್ಷದ್ದರಲ್ಲಿ ‘ಹುಬ್ಳಿ’, ಈ ವರ್ಷದ್ದರಲ್ಲಿ ‘ಹುಬ್ಬಳ್ಳಿ’. ಸರ್ಕಾರ 2014ರ ನವೆಂಬರ್ 1ಕ್ಕೇ ಇಂಗ್ಲಿಷಿನಲ್ಲೂ ಹುಬ್ಬಳ್ಳಿ ಅಂತ ಮಾಡಿದೆ. ನಮ್ಮ ಆಫೀಸಿಗೆ ಇನ್ನೂ ಸುದ್ದಿ ಮುಟ್ಟಿಲ್ಲ. ಹಾವೇರಿ ಜಿಲ್ಲೆಗೆ ಬಂದರೆ ಇನ್ನೂ ಮಜಾ: ರಾಣೆಬೆನ್ನೂರು, ರಾಣಿಬೆನ್ನೂರು, ರಾಣೇಬೆನ್ನೂರ. ಶಿಗ್ಗಾವಿ ಒಂದು ಕಡೆ, ಶಿಗ್ಗಾಂವ್ ಇನ್ನೊಂದು ಕಡೆ. ಒಂದು ಶೀಟಿನ ಹೆಸರನ್ನು ಇನ್ನೊಂದರಲ್ಲಿ ಹುಡುಕೋ ಎಕ್ಸೆಲ್ ಸೂತ್ರ ವಿ-ಲುಕಪ್ ಹಾಕಿದರೆ ಸಾಲುಸಾಲು ಎರರ್. ಅದಕ್ಕೆ ಒಂದಕ್ಷರ ಬೇರೆಯಾದರೆ ಊರೇ ಬೇರೆ, ಅಲ್ವಾ!

ಎಲ್ಲಾ ತಿದ್ದಿದ ಮೇಲೂ ಗದಗ ಮಾತ್ರ ಕೂಡಲಿಲ್ಲ. ಎಷ್ಟು ಸಲ ನೋಡಿದರೂ ಎರಡೂ ಗದಗವೇ. ಕೊನೆಗೆ ಸಿಕ್ಕಿತು: ಕೊನೆಯ ‘ಗ’ ಆದ ಮೇಲೆ ಯಾರೋ ಸುಮ್ನೆ ಒತ್ತಿದ ಒಂದು ಸ್ಪೇಸ್. ಹೆಚ್ಚಿನ ಸ್ಪೇಸ್ ತೆಗೆಯೋ ಟ್ರಿಮ್ ಸೂತ್ರ ಹಾಕಿದೆ, ಕೂಡಿತು. ಟೈಪ್ ಮಾಡಿದವರನ್ನು ಕೇಳಿದರೆ, “ಎಲ್ಲಾ ಒಂದ ಅಲ್ಲೇನ್ರಿ ಸರ?” ಅಂದರು. ಅಷ್ಟೊತ್ತಿಗೆ ನನ್ನ ಚಹಾ ಆರಿ ಹೋಗಿತ್ತು.