ದೊಡ್ಡಪ್ಪ, ಚಿಕ್ಕಪ್ಪ ಮತ್ತು ನಾಲ್ಕೂಮುಕ್ಕಾಲು ತಿಂಗಳ ವರ್ಷ

ಒಬ್ಬನೇ ಸೂರ್ಯನನ್ನು ಇಟ್ಟುಕೊಂಡೂ ಭೂಮಿಯ ಜನ ಲೆಕ್ಕ ತಪ್ಪಿದವರು. ವರ್ಷಕ್ಕೆ ಹನ್ನೊಂದು ನಿಮಿಷ ಹೆಚ್ಚಿಗೆ ಹಿಡಿದದ್ದು ಶತಮಾನಗಟ್ಟಲೆ ಸೇರಿಕೊಂಡು, ಕೊನೆಗೆ 1582ರಲ್ಲಿ ಅಕ್ಟೋಬರ್ 4ರ ಮರುದಿನವನ್ನೇ 15 ಎಂದು ಕರೆದು ಮಾನ ಉಳಿಸಿಕೊಳ್ಳಬೇಕಾಯಿತು. ಕಾಲ್ಪನಿಕ ಲೋಕ ಕಟ್ಟುವವರಿಗೆ ಈ ಭಯವೇ ಇಲ್ಲ. ಆಕಾಶಕ್ಕೆ ಇನ್ನೊಬ್ಬ ಸೂರ್ಯನನ್ನು ಅಂಟಿಸಿ, ಕೆಳಗೆ ಅದೇ ಹನ್ನೆರಡು ತಿಂಗಳ ಕ್ಯಾಲೆಂಡರ್ ನೇತುಹಾಕಿಬಿಡುತ್ತಾರೆ.

ಮೊದಲು ಇತ್ಯರ್ಥವಾಗಬೇಕಾದದ್ದು ಗ್ರಹ ಯಾರನ್ನು ಸುತ್ತುತ್ತದೆ ಎಂಬುದು. ಇಬ್ಬರೂ ಸೂರ್ಯರು ಹತ್ತಿರ ಹತ್ತಿರ ಇದ್ದು ಗ್ರಹ ಇಬ್ಬರನ್ನೂ ಸೇರಿಸಿ ಹೊರಗಿನಿಂದ ಸುತ್ತಬಹುದು. ಇದು ಬರೀ ಕಲ್ಪನೆಯಲ್ಲ. 2011ರಲ್ಲಿ ಪತ್ತೆಯಾದ ಕೆಪ್ಲರ್-16ಬಿ ಎಂಬ ಗ್ರಹ ಹಾಗೇ ಸುತ್ತುತ್ತಿದೆ. ಅಲ್ಲಿ ಸೂರ್ಯರು ಪರಸ್ಪರ ಸುತ್ತಲು ಸುಮಾರು 41 ದಿನ, ಗ್ರಹದ ವರ್ಷ ಸುಮಾರು 229 ದಿನ. ನಮ್ಮ ಲೋಕಕ್ಕೆ 40 ಮತ್ತು 230 ಇಟ್ಟುಕೊಳ್ಳೋಣ, ದಿನಕ್ಕೆ ಇಪ್ಪತ್ನಾಲ್ಕೇ ಗಂಟೆ ಇರಲಿ. ದೊಡ್ಡ ಸೂರ್ಯನಿಗೆ ದೊಡ್ಡಪ್ಪ, ಚಿಕ್ಕವನಿಗೆ ಚಿಕ್ಕಪ್ಪ.

ಹೆಚ್ಚಿನವರು ಎಡವುವುದು ತಿಂಗಳಲ್ಲಿ. ಚಿಕ್ಕಪ್ಪ ದೊಡ್ಡಪ್ಪನ ಹಿಂದೆ ಅಡಗಿದ ದಿನ ತಿಂಗಳು ಶುರು ಎಂದರೆ ಕೇಳಲು ಚೆನ್ನ. ಆದರೆ ಮತ್ತೆ ಅಡಗುವುದು 40 ದಿನಕ್ಕಲ್ಲ. ಅಷ್ಟರಲ್ಲಿ ಗ್ರಹವೂ ತನ್ನ ದಾರಿಯಲ್ಲಿ ಮುಂದೆ ಹೋಗಿರುತ್ತದೆ, ಚಿಕ್ಕಪ್ಪ ಅದನ್ನು ಬೆನ್ನಟ್ಟಿ ಬರಬೇಕು. 40ನ್ನು 230ರಿಂದ ಗುಣಿಸಿ, ಎರಡರ ವ್ಯತ್ಯಾಸವಾದ 190ರಿಂದ ಭಾಗಿಸಿ: 48.42 ದಿನ. ವರ್ಷಕ್ಕೆ ಇಂಥ ತಿಂಗಳು ಎಷ್ಟು? ನಾಲ್ಕೂಮುಕ್ಕಾಲು. ಆ ಮುಕ್ಕಾಲೇ ಎಲ್ಲ ತಂಟೆಯ ಮೂಲ.

ನಾಲ್ಕು ವರ್ಷಕ್ಕೆ ಸರಿಯಾಗಿ 19 ತಿಂಗಳು, 920 ದಿನ ಆಗುತ್ತದೆ ಎಂಬುದೊಂದೇ ಸಮಾಧಾನ. ಹನ್ನೊಂದು ತಿಂಗಳಿಗೆ 48 ದಿನ, ಎಂಟಕ್ಕೆ 49 ಹಂಚಿದರೆ ಒಂದು ದಿನವೂ ಉಳಿಯದು. ವರ್ಷಗಳನ್ನು ಐದು, ಐದು, ಐದು, ನಾಲ್ಕು ತಿಂಗಳಂತೆ ಜೋಡಿಸಬೇಕು. ನಮ್ಮ ಪಂಚಾಂಗದಲ್ಲಿ ಅಧಿಕಮಾಸ ಅಪರೂಪಕ್ಕೆ ಬರುವ ನೆಂಟ, ಅಲ್ಲಿ ನಾಲ್ಕರಲ್ಲಿ ಮೂರು ವರ್ಷ ಮನೆಯಲ್ಲೇ ಠಿಕಾಣಿ. ಆದರೆ ಐದು ತಿಂಗಳ ವರ್ಷ ಋತುಚಕ್ರಕ್ಕಿಂತ ಹನ್ನೆರಡು ದಿನ ಉದ್ದ. ನಾಲ್ಕನೇ ವರ್ಷ ಹುಟ್ಟುವ ಹೊತ್ತಿಗೆ ಕ್ಯಾಲೆಂಡರ್ 36 ದಿನ ಹಿಂದೆ ಬಿದ್ದಿರುತ್ತದೆ. ಮೊದಲ ತಿಂಗಳ ಮೊದಲ ದಿನ ಬಿತ್ತನೆ ಹಬ್ಬ ಇಟ್ಟಿದ್ದರೆ, ಪೂಜೆಗೆ ಹೊಲಕ್ಕೆ ಹೋದವರ ಮೊಣಕಾಲಿಗೆ ಪೈರು ತಾಗುತ್ತದೆ. ಬೇಸಾಯಕ್ಕೆ 230 ದಿನದ ವರ್ಷವನ್ನೂ ಬಾಡಿಗೆ, ಬಡ್ಡಿಗೆ ತಿಂಗಳನ್ನೂ ಬೇರೆ ಬೇರೆ ಇಟ್ಟರೆ ಇದು ತಪ್ಪುತ್ತದೆ. ಸಂಬಳ ವರ್ಷದ ಲೆಕ್ಕಕ್ಕೆ, ಬಾಡಿಗೆ ತಿಂಗಳ ಲೆಕ್ಕಕ್ಕೆ ಎಂದಾದ ಮೇಲೆ ನಾಲ್ಕು ತಿಂಗಳ ವರ್ಷಕ್ಕಾಗಿ ಬಾಡಿಗೆದಾರರು ಹೇಗೆ ಕಾದು ಕೂರುತ್ತಾರೆಂದು ಬಿಡಿಸಿ ಹೇಳಬೇಕಿಲ್ಲ. ಐದನೇ ತಿಂಗಳಲ್ಲಿ ಹುಟ್ಟಿದವರಿಗೆ ಆ ವರ್ಷ ಹುಟ್ಟುಹಬ್ಬವೇ ಇಲ್ಲ. ಫೆಬ್ರವರಿ 29ರವರ ಮುಂದೆ ಇವರು ಅಳುವ ಹಾಗಿಲ್ಲ ಬಿಡಿ, ನಾಲ್ಕಕ್ಕೆ ಮೂರು ಸಿಗುತ್ತವಲ್ಲ.

ವಯಸ್ಸಿನ ಲೆಕ್ಕ ಇನ್ನೂ ಅಪಾಯ. ಅಲ್ಲಿನ ಹದಿನೆಂಟು ವರ್ಷ ಎಂದರೆ 4140 ದಿನ, ಭೂಮಿಯ ಲೆಕ್ಕದಲ್ಲಿ ಹನ್ನೊಂದು ದಾಟಿ ನಾಲ್ಕು ತಿಂಗಳು. ಕತ್ತಿ ಹಿಡಿದು ಸಿಂಹಾಸನಕ್ಕೆ ಹೊರಟ ನಾಯಕ ಇನ್ನೂ ಪ್ರಾಥಮಿಕ ಶಾಲೆಯ ಹುಡುಗ. ಎಂಬತ್ತರ ಋಷಿಗೆ ಬರೀ ಐವತ್ತು, ಗಡ್ಡ ಪೂರ್ತಿ ಬಿಳಿ ಮಾಡುವ ಮೊದಲು ಯೋಚಿಸಿ. ಭೂಮಿಯ ಲೆಕ್ಕದ ವಯಸ್ಸನ್ನು 1.6ರಿಂದ ಗುಣಿಸಿಕೊಂಡರೆ ಅಲ್ಲಿನ ವಯಸ್ಸು ಸಿಗುತ್ತದೆ.

ಗಡಿಯಾರವನ್ನು ದೊಡ್ಡಪ್ಪನ ಕೈಗೆ ಕೊಡಬೇಕು. ಕೆಪ್ಲರ್-16ರಂಥ ಜೋಡಿಯಲ್ಲಿ ಭಾರದವನು ನಡುಬಿಂದುವಿನಿಂದ ಸುಮಾರು 4 ಡಿಗ್ರಿ ಮಾತ್ರ ಅತ್ತಿತ್ತ ಓಲಾಡುತ್ತಾನೆ. ಅಂದರೆ ಅವನ ನೆರಳು ತಪ್ಪುವುದು ಹೆಚ್ಚೆಂದರೆ 16 ನಿಮಿಷ. ಇದಕ್ಕೆ ನಗಬೇಡಿ, ನವೆಂಬರ್ ಮೊದಲ ವಾರ ಭೂಮಿಯ ಸೂರ್ಯಗಡಿಯಾರವೂ ಅಷ್ಟೇ ಮುಂದೆ ಓಡಿರುತ್ತದೆ. ಚಿಕ್ಕಪ್ಪನ ಓಲಾಟ ಸುಮಾರು 14 ಡಿಗ್ರಿ, ತಪ್ಪು ಹತ್ತಿರ ಹತ್ತಿರ ಒಂದು ಗಂಟೆ. ಒಂದೇ ಕಂಬಕ್ಕೆ ಎರಡು ನೆರಳು ಬೀಳುವ ಊರಿನಲ್ಲಿ ಕೆಲಸಕ್ಕೆ ಬರುವಾಗ ಒಂದು ನೆರಳು, ಮನೆಗೆ ಹೊರಡುವಾಗ ಇನ್ನೊಂದು ನೋಡುವ ಚಾಳಿ ಹುಟ್ಟದಿದ್ದರೆ ಅವರು ಮನುಷ್ಯರೇ ಅಲ್ಲ.

ಇಬ್ಬರು ಸೂರ್ಯರಿದ್ದರೆ ರಾತ್ರಿಯೇ ಇಲ್ಲ ಎಂದು ಬರೆಯುವವರಿದ್ದಾರೆ. ಈ ಲೋಕದಲ್ಲಿ ಅದು ಶುದ್ಧ ತಪ್ಪು. ಇಬ್ಬರ ನಡುವಿನ ಅಂತರ ಹೆಚ್ಚೆಂದರೆ 18 ಡಿಗ್ರಿ, ಒಬ್ಬ ಮುಳುಗಿ ಇನ್ನೊಬ್ಬ ಮುಳುಗಲು ಒಂದೂಕಾಲು ಗಂಟೆ ಸಾಕು. ಸಾಲ ಕೊಟ್ಟವನಿಗೆ "ಸೂರ್ಯ ಮುಳುಗಿದ ಮೇಲೆ ಬನ್ನಿ" ಎಂದು ಹೇಳಿ ತಪ್ಪಿಸಿಕೊಳ್ಳಲು ಸಿಗುವುದು ಅಷ್ಟೇ ಹೊತ್ತು.

ರಾತ್ರಿ ಬೇಡವೇ ಬೇಡ ಎನ್ನುವವರು ಆಲ್ಫಾ ಸೆಂಟಾರಿಯಂಥ ದೂರದ ಜೋಡಿಯನ್ನು ಹಿಡಿಯಲಿ. ಅಲ್ಲಿ ನಕ್ಷತ್ರಗಳು ಪರಸ್ಪರ ಸುತ್ತಲು ಸುಮಾರು 80 ವರ್ಷ. ಭೂಮಿಯಷ್ಟೇ ಉದ್ದದ ವರ್ಷವಿರುವ ಗ್ರಹ ಒಬ್ಬನನ್ನು ಸುತ್ತಿದರೆ, ಅದು ಇಬ್ಬರ ನಡುವೆ ಬಂದ ದಿನಗಳಲ್ಲಿ ಇನ್ನೊಬ್ಬ ನಡುರಾತ್ರಿ ನೆತ್ತಿಯ ಮೇಲೆ ನೂರಾರು ಹುಣ್ಣಿಮೆಗಳಷ್ಟು ಬೆಳಕು ಚೆಲ್ಲುತ್ತಾನೆ. ಆರು ತಿಂಗಳ ನಂತರ ಅವನು ಹಗಲಿಗೆ ಜಾರಿ, ರಾತ್ರಿ ಮತ್ತೆ ಕಪ್ಪಾಗುತ್ತದೆ. ಈ ಬೆಳಕಿನ ರಾತ್ರಿಯ ಹಬ್ಬ ವರ್ಷಕ್ಕೆ ಸರಾಸರಿ ನಾಲ್ಕೂವರೆ ದಿನ ಸರಿಯುತ್ತದೆ. ಕಕ್ಷೆ ಉದ್ದನೆಯ ಮೊಟ್ಟೆಯಂತಿರುವುದರಿಂದ ಎಲ್ಲ ವರ್ಷ ಒಂದೇ ಸಮನಾಗಿಯೂ ಸರಿಯುವುದಿಲ್ಲ. ಕಳ್ಳರ ಸಂಘಕ್ಕೆ ರಜೆಪಟ್ಟಿ ತಯಾರಿಸುವವನ ಪಾಡು ಕೇಳಬೇಡಿ.